ಶಿಲ್ಕು ಎಲ್ಲಿ ತಪ್ಪಿತು? ಕೆಟ್ಟುಹೋದ ಮನೆಲೆಕ್ಕದ ಫೈಲ್‌ಗಳನ್ನು ಸರಿಪಡಿಸಿ ಆಮದು ಮಾಡಿಕೊಳ್ಳುವ ಬಗೆ

ದಾವಣಗೆರೆಯ ವಿದ್ಯಾನಗರದಲ್ಲಿರುವ ನನ್ನ ಚಿಕ್ಕಪ್ಪ ಮನೆಯ ಖರ್ಚುವೆಚ್ಚವನ್ನೂ ಚನ್ನಗಿರಿ ಸೀಮೆಯಲ್ಲಿರುವ ಅಡಿಕೆ ತೋಟದ ಲೆಕ್ಕವನ್ನೂ ಹದಿನೈದು ವರ್ಷಗಳಿಂದ ಕಂಪ್ಯೂಟರಿನಲ್ಲಿ ಬರೆದಿಡುತ್ತ ಬಂದವರು. ಹಳೆಯ ಯಂತ್ರವನ್ನು ಬದಲಾಯಿಸುವ ಹೊತ್ತಿಗೆ, ಹಿಂದಿನ ತಂತ್ರಾಂಶದಿಂದ ಹೊರತೆಗೆದ ಫೈಲ್‌ಗಳನ್ನೂ ಬ್ಯಾಂಕಿನಿಂದ ಇಳಿಸಿಕೊಂಡ ಸ್ಟೇಟ್‌ಮೆಂಟ್‌ಗಳನ್ನೂ ಗ್ನೂಕ್ಯಾಶ್ ಎಂಬ ಲೆಕ್ಕದ ತಂತ್ರಾಂಶಕ್ಕೆ ಆಮದು ಮಾಡಿಕೊಂಡರು. ಆಮದು ಯಾವ ತಕರಾರೂ ಇಲ್ಲದೆ ಮುಗಿಯಿತು. ಆದರೆ ಪಾಸ್‌ಬುಕ್ಕಿನ ಶಿಲ್ಕಿಗೂ (ಅಂದರೆ ಉಳಿಕೆ ಮೊತ್ತಕ್ಕೂ) ತೆರೆಯ ಮೇಲಿನ ಶಿಲ್ಕಿಗೂ 1,24,999 ರೂಪಾಯಿ ವ್ಯತ್ಯಾಸವಿತ್ತು.

"ಎಲ್ಲಾ ಅಳಿಸಿ ಮೊದಲಿನಿಂದ ಬರೆದುಬಿಡೋಣವೇನಪ್ಪ?" ಎಂದು ಚಿಕ್ಕಪ್ಪ ಕೇಳಿದರು. "ಬೇಡಿ ಚಿಕ್ಕಪ್ಪ, ಯಾವ ಸಾಲಿನಲ್ಲಿ ತಪ್ಪಿದೆ ಅನ್ನೋದನ್ನ ಮೊದಲು ನೋಡೋಣ" ಎಂದೆ. ಆ ಸಾಲನ್ನು ಹುಡುಕಿದ ಕ್ರಮವನ್ನೂ, ಅದೇ ಕೆಲಸದಲ್ಲಿ ಎದುರಾದ ಇತರ ದೋಷಗಳನ್ನೂ ಇಲ್ಲಿ ಬರೆದಿದ್ದೇನೆ. ಮನೆಲೆಕ್ಕದ ಫೈಲ್ ಕೆಟ್ಟಾಗ ಹೆಚ್ಚಿನವರು ಲೆಕ್ಕವನ್ನೇ ಕೈಬಿಡುತ್ತಾರೆ ಎಂಬುದು ನನಗೆ ಬಹಳ ಬೇಸರದ ಸಂಗತಿ. ಕೊಳವೆಬಾವಿ ಕೊರೆಸಿದ್ದು, ಮಗಳ ಶಾಲೆಯ ಫೀಸು, ಆಸ್ಪತ್ರೆಯ ಬಿಲ್ಲು ಎಲ್ಲವೂ ಅದರೊಳಗೆ ಇರುತ್ತವೆ. ಅವುಗಳಲ್ಲಿ ಬಹುಪಾಲನ್ನು ಉಳಿಸಿಕೊಳ್ಳಲು ಸಾಧ್ಯವಿದೆ.

ಮೂಲ ಫೈಲ್‌ಗೆ ಕೈ ಹಚ್ಚಬೇಡಿ

ಮೊದಲನೆಯದಾಗಿ, ಕೆಟ್ಟಿದೆ ಎನ್ನಿಸಿದ ಫೈಲ್ ಅನ್ನು ಬೇರೊಂದು ಫೋಲ್ಡರಿಗೆ ನಕಲು ಮಾಡಿ, ಮೂಲವನ್ನು ಓದಲಷ್ಟೇ ಬರುವಂತೆ ಗುರುತು ಹಾಕಿ ಇಡಬೇಕು. ಎರಡನೆಯದಾಗಿ, ಅದನ್ನು ಎರಡು ಬಾರಿ ಕ್ಲಿಕ್ಕಿಸಿ ಎಕ್ಸೆಲ್‌ನಲ್ಲಿ ತೆರೆಯಬಾರದು. ಸಿಎಸ್‌ವಿ ಫೈಲ್ (ಅಂಕಣಗಳನ್ನು ಅಲ್ಪವಿರಾಮದಿಂದ ಬೇರ್ಪಡಿಸಿದ ಸರಳ ಪಠ್ಯ) ಹಾಗೆ ತೆರೆದ ಕ್ಷಣದಲ್ಲೇ ಎಕ್ಸೆಲ್ ಪ್ರತಿಯೊಂದು ಕೋಶವನ್ನೂ ತನಗೆ ತೋಚಿದಂತೆ ಅರ್ಥಮಾಡಿಕೊಳ್ಳುತ್ತದೆ. ಸಂಖ್ಯೆಯ ಮುಂದಿನ ಸೊನ್ನೆಗಳು ಹೋಗುತ್ತವೆ. ಯುಪಿಐ ವಹಿವಾಟಿನ 12 ಅಂಕೆಗಳ ಉಲ್ಲೇಖ ಸಂಖ್ಯೆಯು ಹತ್ತರ ಘಾತದ ರೂಪಕ್ಕೆ ತಿರುಗುತ್ತದೆ. 15 ಅಂಕೆಗಳನ್ನು ಮೀರಿದ ಸಂಖ್ಯೆಯಲ್ಲಿ ಉಳಿದ ಅಂಕೆಗಳೆಲ್ಲ ಸೊನ್ನೆಯಾಗುತ್ತವೆ. ಬಳಿಕ ಅದನ್ನು ಸಿಎಸ್‌ವಿಯಾಗಿಯೇ ಉಳಿಸಿದರೆ ತೆರೆಯ ಮೇಲೆ ಕಾಣುತ್ತಿರುವುದೇ ಫೈಲ್‌ಗೆ ಬರೆಯಲ್ಪಡುತ್ತದೆ, ಮೂಲ ಅಂಕೆಗಳು ಶಾಶ್ವತವಾಗಿ ಅಳಿಯುತ್ತವೆ. ಉಲ್ಲೇಖ ಸಂಖ್ಯೆ ಹೋದರೆ ಒಂದೇ ವಹಿವಾಟು ಎರಡು ಬಾರಿ ಬಂದಿದೆಯೇ ಎಂದು ಗುರುತಿಸುವ ದಾರಿಯೇ ಮುಚ್ಚುತ್ತದೆ.

ಹಾಗಾಗಿ ಮೊದಲ ಪರಿಶೀಲನೆಯನ್ನು ನೋಟ್‌ಪ್ಯಾಡ್ ಅಥವಾ ಅಂಥದೇ ಸರಳ ಪಠ್ಯ ಸಂಪಾದಕದಲ್ಲಿ ಮಾಡಬೇಕು. ಕೋಷ್ಟಕದ ರೂಪ ಬೇಕೇ ಬೇಕೆಂದರೆ ಲಿಬ್ರೆಆಫೀಸ್ ಕ್ಯಾಲ್ಕ್ ತೆರೆಯುವಾಗ ತೋರಿಸುವ ಚೌಕಟ್ಟಿನಲ್ಲಿ ಅಕ್ಷರ ಸಂಕೇತವನ್ನು ಕನ್ನಡವನ್ನೂ ಒಳಗೊಳ್ಳುವ ಯುಟಿಎಫ್-8 ಎಂದೂ, ಉಲ್ಲೇಖ ಸಂಖ್ಯೆಯ ಅಂಕಣವನ್ನು ಪಠ್ಯವೆಂದೂ, ದಿನಾಂಕದ ಅಂಕಣವನ್ನು ದಿನ-ತಿಂಗಳು-ವರ್ಷದ ಕ್ರಮವೆಂದೂ ಆಯ್ಕೆ ಮಾಡಿಕೊಂಡು ಮುಂದುವರಿಯಬಹುದು. ಎಕ್ಸೆಲ್ ಫೈಲ್ ಎಂಬ ಹೆಸರಿನಲ್ಲಿ ಇಳಿದ ಸ್ಟೇಟ್‌ಮೆಂಟ್ ಕೆಲವೊಮ್ಮೆ ಒಳಗೆ ಬರೀ ವೆಬ್ ಪುಟದ ಕೋಷ್ಟಕವೋ ಟ್ಯಾಬ್‌ಗಳಿಂದ ಬೇರ್ಪಡಿಸಿದ ಪಠ್ಯವೋ ಆಗಿರುತ್ತದೆ. ಪಠ್ಯ ಸಂಪಾದಕದಲ್ಲಿ ಮೊದಲ ಸಾಲನ್ನು ಕಂಡರೆ ಅದು ಗೊತ್ತಾಗುತ್ತದೆ.

ಶಿಲ್ಕೇ ಸಾಕ್ಷಿ

ಮಂಡಿಗಳಲ್ಲಿ ಕಿರ್ದಿ (ದಿನವಹಿ) ಬರೆಯುವ ಗುಮಾಸ್ತರು ಪುಟದ ಕೊನೆಯಲ್ಲಿ ಶಿಲ್ಕು ತೆಗೆದು ಅದನ್ನೇ ಮುಂದಿನ ಪುಟದ ತಲೆಗೆ ಬರೆದುಕೊಳ್ಳುತ್ತಾರೆ. ಲೆಕ್ಕ ತಾಳೆಯಾಗದಿದ್ದರೆ ಅವರು ಇಡೀ ವಹಿಯನ್ನು ತಿರುವಿ ಹಾಕುವುದಿಲ್ಲ. ಶಿಲ್ಕು ಸರಿಯಿರುವ ಕೊನೆಯ ಪುಟವನ್ನೂ ತಪ್ಪಿರುವ ಮೊದಲ ಪುಟವನ್ನೂ ಹುಡುಕಿ, ಅವುಗಳ ನಡುವೆ ಮಾತ್ರ ಕಣ್ಣಾಡಿಸುತ್ತಾರೆ. ಕೆಟ್ಟ ಫೈಲ್‌ನ ದೋಷವನ್ನು ಪತ್ತೆ ಮಾಡಲು ಇದಕ್ಕಿಂತ ಒಳ್ಳೆಯ ಉಪಾಯವನ್ನು ನಾನು ಕಂಡಿಲ್ಲ. ಬ್ಯಾಂಕಿನ ಸ್ಟೇಟ್‌ಮೆಂಟ್‌ನಲ್ಲಿ ಪ್ರತಿ ಸಾಲಿನ ಕೊನೆಗೂ ಶಿಲ್ಕು ಇರುತ್ತದೆ. ಆಮದು ಮಾಡುವಾಗ ಆ ಅಂಕಣ ಬೇಡವೆಂದು ಎಲ್ಲರೂ ಬಿಟ್ಟುಬಿಡುತ್ತಾರೆ, ಆದರೆ ದೋಷ ಹುಡುಕುವಾಗ ಬೇಕಾಗುವುದು ಅದೇ.

ಪರೀಕ್ಷೆ ಸರಳ. ಹಿಂದಿನ ಸಾಲಿನ ಶಿಲ್ಕಿಗೆ ಈ ಸಾಲಿನ ಜಮಾ ಕೂಡಿಸಿ, ಖರ್ಚು ಕಳೆದರೆ ಈ ಸಾಲಿನ ಶಿಲ್ಕು ಬರಬೇಕು. ಕ್ಯಾಲ್ಕ್‌ನಲ್ಲಿ ಪಕ್ಕದ ಖಾಲಿ ಅಂಕಣವೊಂದರಲ್ಲಿ ಈ ಲೆಕ್ಕವನ್ನು ಬರೆದು, ಬಂದದ್ದರಿಂದ ಈ ಸಾಲಿನ ಶಿಲ್ಕನ್ನು ಕಳೆದು, ಉತ್ತರವನ್ನು ಎರಡು ದಶಮಾಂಶ ಸ್ಥಾನಕ್ಕೆ ಸರಿಹೊಂದಿಸಿ, ಎಲ್ಲ ಸಾಲುಗಳಿಗೂ ಎಳೆದರೆ ಸರಿಯಿರುವ ಕಡೆಯೆಲ್ಲ ಸೊನ್ನೆ ಬರುತ್ತದೆ. ಸೊನ್ನೆಯಲ್ಲದ ಮೊದಲ ಸಾಲೇ ದೋಷದ ಜಾಗ. ಸರಿಹೊಂದಿಸದೆ ಬಿಟ್ಟರೆ ಗಣಕದ ಭಿನ್ನರಾಶಿ ಲೆಕ್ಕದ ಸೂಕ್ಷ್ಮ ಉಳಿಕೆಗಳು ಇಲ್ಲದ ದೋಷವನ್ನು ತೋರಿಸುತ್ತವೆ. ಈ ಪರೀಕ್ಷೆಗೆ ಮೊದಲು ಸಾಲುಗಳನ್ನು ದಿನಾಂಕದ ಪ್ರಕಾರ ಜೋಡಿಸಬಾರದು, ಏಕೆಂದರೆ ಒಂದೇ ದಿನ ನಾಲ್ಕೈದು ವಹಿವಾಟು ನಡೆದಿದ್ದರೆ ಅವುಗಳ ಒಳಕ್ರಮ ಕದಡಿ ಸರಪಳಿ ತುಂಡಾಗುತ್ತದೆ. ಇತ್ತೀಚಿನ ವಹಿವಾಟು ಮೇಲ್ಗಡೆ ಇರುವ ಸ್ಟೇಟ್‌ಮೆಂಟ್ ಆಗಿದ್ದರೆ ಇಡೀ ಪಟ್ಟಿಯನ್ನು ತಲೆಕೆಳಗು ಮಾಡಿ ನೋಡಬೇಕು, ಅಷ್ಟೇ.

ಹಳೆಯ ಲೆಕ್ಕದ ತಂತ್ರಾಂಶಗಳು ಹೊರತೆಗೆದು ಕೊಡುವ ಕ್ಯುಐಎಫ್ ಬಗೆಯ ಫೈಲ್‌ನಲ್ಲಿ ಸಾಲುಸಾಲಿಗೂ ಶಿಲ್ಕು ಇರುವುದಿಲ್ಲ. ಆಗ ಪಾಸ್‌ಬುಕ್ಕಿನ ನೆರವು ಬೇಕು. ಅವಧಿಯ ನಡುವಿನ ಒಂದು ದಿನವನ್ನು ಆರಿಸಿ, ಆ ದಿನದ ಕೊನೆಗೆ ತಂತ್ರಾಂಶ ತೋರಿಸುವ ಶಿಲ್ಕನ್ನು ಪಾಸ್‌ಬುಕ್ಕಿನೊಂದಿಗೆ ತಾಳೆ ನೋಡಿ. ಸರಿಯಿದ್ದರೆ ದೋಷ ಉತ್ತರಾರ್ಧದಲ್ಲಿದೆ, ಇಲ್ಲದಿದ್ದರೆ ಪೂರ್ವಾರ್ಧದಲ್ಲಿದೆ. ಹೀಗೆ ಅರ್ಧರ್ಧ ಮಾಡುತ್ತ ಹೋದರೆ ನಾಲ್ಕು ಸಾವಿರ ವಹಿವಾಟುಗಳಲ್ಲಿ ಒಂದನ್ನು ಹುಡುಕಲು ಹನ್ನೆರಡು ಬಾರಿ ತಾಳೆ ನೋಡಿದರೆ ಸಾಕು. ದೋಷಗಳು ಒಂದಕ್ಕಿಂತ ಹೆಚ್ಚಿದ್ದರೆ, ಒಂದನ್ನು ಸರಿಪಡಿಸಿದ ಮೇಲೆ ಮತ್ತೆ ಮೊದಲಿನಿಂದ ಆರಂಭಿಸಬೇಕು.

ವ್ಯತ್ಯಾಸದ ಮೊತ್ತವೇ ಅರ್ಧ ಉತ್ತರ ಹೇಳುತ್ತದೆ. ವ್ಯತ್ಯಾಸವು ಯಾವುದೋ ಒಂದು ವಹಿವಾಟಿನ ಮೊತ್ತಕ್ಕೆ ಸಮನಾಗಿದ್ದರೆ ಆ ಸಾಲು ಬಿಟ್ಟುಹೋಗಿದೆ ಅಥವಾ ಎರಡು ಬಾರಿ ಸೇರಿದೆ. ವ್ಯತ್ಯಾಸ 3,000 ಇದ್ದು 1,500 ರೂಪಾಯಿಯ ಸಾಲೊಂದು ಕಂಡರೆ, ಖರ್ಚು ಜಮಾ ಆಗಿಯೋ ಜಮಾ ಖರ್ಚಾಗಿಯೋ ತಿರುಗಿದೆ. ವ್ಯತ್ಯಾಸವು ಒಂಬತ್ತರಿಂದ ನಿಶ್ಶೇಷವಾಗಿ ಭಾಗವಾದರೆ ಅಕ್ಕಪಕ್ಕದ ಅಂಕೆಗಳು ಅದಲುಬದಲಾಗಿರುವ ಸಂಭವವಿದೆ: 5,400 ಎಂಬುದನ್ನು 4,500 ಎಂದು ಬರೆದರೆ 900 ವ್ಯತ್ಯಾಸ ಬರುತ್ತದೆ. ಚಿಕ್ಕಪ್ಪನ 1,24,999 ಇವುಗಳಲ್ಲಿ ಯಾವುದಕ್ಕೂ ಹೊಂದುತ್ತಿರಲಿಲ್ಲ. ಅದಕ್ಕೆ ಒಂದು ರೂಪಾಯಿ ಸೇರಿಸಿದರೆ 1,25,000 ಆಗುತ್ತದೆ ಎಂಬುದು ಹೊಳೆದಾಗ ದಾರಿ ಸಿಕ್ಕಿತು.

ಅಲ್ಪವಿರಾಮ ಮತ್ತು ಉದ್ಧರಣ ಚಿಹ್ನೆ

ಅಡಿಕೆ ಮಾರಿದ ಹಣ ಜಮೆಯಾದ ದಿನದ ವಹಿವಾಟು ಇಳಿಸಿಕೊಂಡ ಎರಡು ಸ್ಟೇಟ್‌ಮೆಂಟ್‌ಗಳ ಸಂದಿಯಲ್ಲಿ ಬಿಟ್ಟುಹೋಗಿತ್ತು. ಚಿಕ್ಕಪ್ಪ ಪಾಸ್‌ಬುಕ್ ನೋಡಿ ಆ ಸಾಲನ್ನು ಕೈಯಾರೆ ಸೇರಿಸುವಾಗ, ನಾವೆಲ್ಲ ಬರೆಯುವಂತೆ, ಮೊತ್ತವನ್ನು 1,25,000.00 ಎಂದೂ ಶಿಲ್ಕನ್ನು 1,67,310.50 ಎಂದೂ ಬರೆದಿದ್ದರು. ಸಿಎಸ್‌ವಿಯಲ್ಲಿ ಅಲ್ಪವಿರಾಮವೆಂದರೆ ಅಂಕಣದ ಗಡಿ. ಆದ್ದರಿಂದ ತಂತ್ರಾಂಶವು ಜಮಾ ಅಂಕಣದಲ್ಲಿ 1 ಎಂದು ಓದಿ, 25 ಅನ್ನು ಶಿಲ್ಕಿನ ಅಂಕಣಕ್ಕೆ ತಳ್ಳಿ, ಉಳಿದ ತುಂಡುಗಳನ್ನು ಕೈಬಿಟ್ಟಿತ್ತು. ಒಂದೂಕಾಲು ಲಕ್ಷ ಬಂದ ಜಾಗದಲ್ಲಿ ಒಂದು ರೂಪಾಯಿ ಬಂದಂತಾಗಿತ್ತು.

ಇಂಥ ಸಾಲುಗಳನ್ನು ಹುಡುಕಲು ಪ್ರತಿ ಸಾಲಿನ ಅಲ್ಪವಿರಾಮಗಳನ್ನು ಎಣಿಸಬೇಕು. ಆರು ಅಂಕಣಗಳ ಫೈಲ್‌ನಲ್ಲಿ ಸಾಲಿಗೆ ಐದು ಇರಬೇಕು. ಮೇಲಿನ ಸಾಲಿನಲ್ಲಿ ಒಂಬತ್ತು ಇದ್ದವು. ಸರಿಪಡಿಸಲು ಎರಡು ಮಾರ್ಗಗಳಿವೆ: ಮೊತ್ತದೊಳಗಿನ ಅಲ್ಪವಿರಾಮಗಳನ್ನು ತೆಗೆದು 125000.00 ಎಂದು ಬರೆಯುವುದು, ಇಲ್ಲವೇ ಇಡೀ ಮೊತ್ತವನ್ನು ಜೋಡಿ ಉದ್ಧರಣ ಚಿಹ್ನೆಗಳ ನಡುವೆ ಇಡುವುದು. ನಾನು ಮೊದಲನೆಯದನ್ನೇ ಮೆಚ್ಚುತ್ತೇನೆ, ಏಕೆಂದರೆ ಲಕ್ಷದ ಗುಂಪುಗಾರಿಕೆಯನ್ನು ಒಪ್ಪದ ತಂತ್ರಾಂಶಗಳೂ ಇವೆ. ಆದರೆ ಒಟ್ಟಾರೆ ಹುಡುಕಿ-ಬದಲಿಸುವ ಆಜ್ಞೆಯಿಂದ ಎಲ್ಲ ಅಲ್ಪವಿರಾಮಗಳನ್ನೂ ತೆಗೆದುಬಿಟ್ಟರೆ ಅಂಕಣಗಳೇ ಉಳಿಯುವುದಿಲ್ಲ. ಕೆಟ್ಟ ಸಾಲುಗಳನ್ನು ಒಂದೊಂದಾಗಿ ತೆಗೆದುಕೊಂಡು, ತಿದ್ದಿದ ಮೇಲೆ ಶಿಲ್ಕಿನ ಪರೀಕ್ಷೆ ಸೊನ್ನೆಗೆ ಬರುತ್ತದೆಯೇ ನೋಡಬೇಕು. ನಮ್ಮ ಸಾಲಿನಲ್ಲಿ ಹಿಂದಿನ ಶಿಲ್ಕು 42,310.50 ಇತ್ತು, ಜಮಾ ಸೇರಿ 1,67,310.50 ಬಂದಾಗ ನೆಮ್ಮದಿಯಾಯಿತು.

ಉದ್ಧರಣ ಚಿಹ್ನೆಯ ದೋಷ ಇದಕ್ಕಿಂತ ಮೋಸದ್ದು. ತೋಟದ ಲೆಕ್ಕದಲ್ಲಿ ಎರಡು ಇಂಚಿನ ಪೈಪನ್ನು 2" ಎಂದು ಬರೆಯುವುದು ವಾಡಿಕೆ. ವಿವರದ ಅಂಕಣವು ಉದ್ಧರಣ ಚಿಹ್ನೆಯ ಒಳಗಿದ್ದು, ಮಧ್ಯದಲ್ಲಿ ಈ ಇಂಚಿನ ಗುರುತು ಬಂದರೆ, ಚಿಹ್ನೆಗಳ ಜೋಡಿ ತಪ್ಪಿ ಮುಂದಿನ ಚಿಹ್ನೆ ಸಿಗುವವರೆಗಿನ ಸಾಲುಗಳೆಲ್ಲ ಒಂದೇ ವಿವರದೊಳಗೆ ಸೇರಿಹೋಗಬಹುದು. ಫೈಲ್‌ನಲ್ಲಿ ಇರುವ ಸಾಲುಗಳಿಗಿಂತ ಆಮದಾದ ವಹಿವಾಟುಗಳು ಕಡಿಮೆಯಿದ್ದು, ನಡುವಿನ ಒಂದು ತುಂಡು ಪೂರ್ತಿ ಕಾಣೆಯಾಗಿದ್ದರೆ ಮೊದಲು ಇದನ್ನೇ ಅನುಮಾನಿಸಿ. ಚಿಹ್ನೆಯ ಬದಲು "ಇಂಚು" ಎಂದು ಬರೆದರೆ ಸಾಕು. ಇನ್ನು ಮೊತ್ತಕ್ಕೆ ಮೊದಲು "ರೂ." ಎಂದು ಬರೆಯುವವರಿಗೆ ಒಂದು ಮಾತು: ಅಕ್ಷರಗಳನ್ನು ಮಾತ್ರ ಅಳಿಸಿದರೆ ಆ ಚುಕ್ಕೆ ಉಳಿದುಕೊಂಡು ಮೊತ್ತವು .500.00 ಎಂದಾಗುತ್ತದೆ, ಆಗ ಅದು ಸಂಖ್ಯೆಯೇ ಅಲ್ಲ.

ದಿನಾಂಕದ ಅದಲುಬದಲು

ನಮ್ಮಲ್ಲಿ ದಿನ ಮೊದಲು, ತಿಂಗಳು ಆಮೇಲೆ. ಅಮೆರಿಕದ ಕ್ರಮದಲ್ಲಿ ಓದುವ ತಂತ್ರಾಂಶಕ್ಕೆ 03/04/2024 ಎಂಬುದು ಏಪ್ರಿಲ್ 3 ಅಲ್ಲ, ಮಾರ್ಚ್ 4. ಅಂದರೆ ವಹಿವಾಟು ಹಿಂದಿನ ಹಣಕಾಸು ವರ್ಷಕ್ಕೆ ಜಾರುತ್ತದೆ. 13ನೇ ತಾರೀಖಿನಿಂದ ಮುಂದಿನವು ತಿಂಗಳಾಗಲಾರವಾದ್ದರಿಂದ ಸಾಮಾನ್ಯವಾಗಿ ತಿರಸ್ಕೃತವಾಗುತ್ತವೆ. 365 ದಿನಗಳ ವರ್ಷದಲ್ಲಿ ಹೀಗೆ ತಿರಸ್ಕೃತವಾಗುವ ದಿನಾಂಕಗಳು 221. ದಿನ, ತಿಂಗಳು ಒಂದೇ ಆಗಿರುವ 12 ದಿನಾಂಕಗಳಿಗೆ ತೊಂದರೆಯಿಲ್ಲ. ಉಳಿದ 132 ದಿನಾಂಕಗಳು ಸದ್ದಿಲ್ಲದೆ ತಪ್ಪು ಜಾಗಕ್ಕೆ ಹೋಗುತ್ತವೆ. ತಿರಸ್ಕೃತವಾದವನ್ನು ಎಲ್ಲರೂ ಗಮನಿಸುತ್ತಾರೆ, ಅಪಾಯವಿರುವುದು ಒಪ್ಪಿತವಾದವುಗಳಲ್ಲಿ. ಆದ್ದರಿಂದ ದಿನಾಂಕದ ಕ್ರಮ ತಪ್ಪಿದ್ದು ಗೊತ್ತಾದರೆ ತಿರಸ್ಕೃತ ಸಾಲುಗಳನ್ನಷ್ಟೇ ತಿದ್ದಿ ಸೇರಿಸದೆ, ಆ ಆಮದನ್ನು ಪೂರ್ತಿ ಅಳಿಸಿ ಮತ್ತೆ ಮಾಡಬೇಕು. ಗ್ನೂಕ್ಯಾಶ್‌ನ ಸಿಎಸ್‌ವಿ ಆಮದಿನ ಪುಟದಲ್ಲೇ ದಿನಾಂಕದ ಕ್ರಮವನ್ನು ಆರಿಸಬಹುದು, ಮೇಲಿನ ಮತ್ತು ಕೆಳಗಿನ ಬೇಡವಾದ ಸಾಲುಗಳನ್ನು ಬಿಡಲೂಬಹುದು.

ಹಳೆಯ ಕ್ಯುಐಎಫ್ ಫೈಲ್‌ಗಳಲ್ಲಿ 2000ದ ನಂತರದ ವರ್ಷವನ್ನು ಮೇಲ್ವಿರಾಮ ಚಿಹ್ನೆಯೊಂದಿಗೆ, ಉದಾಹರಣೆಗೆ 3/4'05 ಎಂದು, ಬರೆದಿರುವುದುಂಟು. ಅದು ಕೆಟ್ಟ ದತ್ತಾಂಶವಲ್ಲ.

ಕನ್ನಡದ ವಿವರಗಳು ಕೆಟ್ಟಾಗ

ಚಿಕ್ಕಪ್ಪ ವಿವರಗಳನ್ನೆಲ್ಲ ಕನ್ನಡದಲ್ಲಿಯೇ ಬರೆಯುತ್ತಾರೆ. ಅವರ ಫೈಲ್‌ಗಳಲ್ಲಿ ಕನ್ನಡ ಮೂರು ರೀತಿಯಲ್ಲಿ ಕೆಟ್ಟಿತ್ತು, ಮೂರಕ್ಕೂ ಬೇರೆಬೇರೆ ಚಿಕಿತ್ಸೆ.

ಅಕ್ಷರಗಳಿರಬೇಕಾದಲ್ಲಿ ಬರೀ ಪ್ರಶ್ನಾರ್ಥಕ ಚಿಹ್ನೆಗಳ ಸಾಲು ಕಂಡರೆ, ಯುಟಿಎಫ್-8 ಅಲ್ಲದ ಸಾಮಾನ್ಯ ಸಿಎಸ್‌ವಿಯಾಗಿ ಎಕ್ಸೆಲ್‌ನಿಂದ ಉಳಿಸಲಾಗಿದೆ ಎಂದೇ ತಿಳಿಯಬಹುದು. ಆ ಬಗೆಯ ಸಂಕೇತದಲ್ಲಿ ಕನ್ನಡಕ್ಕೆ ಜಾಗವಿಲ್ಲದ ಕಾರಣ ಪ್ರತಿ ಅಕ್ಷರವೂ ಪ್ರಶ್ನಾರ್ಥಕವಾಗಿದೆ. ಈ ಫೈಲ್‌ನಿಂದ ಅದನ್ನು ಮರಳಿ ಪಡೆಯುವಂತಿಲ್ಲ. ಹಿಂದಿನ ಪ್ರತಿಯನ್ನು ಹುಡುಕುವುದೊಂದೇ ದಾರಿ.

ಅದರ ಬದಲು, ತಲೆಯ ಮೇಲೆ ಓರೆಗೀಟಿರುವ ರೋಮನ್ ಲಿಪಿಯ ಸಣ್ಣ ಎ ಅಕ್ಷರ, ಅದರ ಪಕ್ಕದಲ್ಲಿ ಮೇಲೇರಿಸಿ ಬರೆದ ಪುಟ್ಟ 2 ಅಥವಾ 3, ಮತ್ತೊಂದು ಚಿಹ್ನೆ, ಹೀಗೆ ಮೂರುಮೂರರ ಗುಂಪುಗಳು ಮತ್ತೆಮತ್ತೆ ಕಂಡರೆ ಸಮಾಧಾನಪಡಬೇಕು. ಯುಟಿಎಫ್-8ರಲ್ಲಿ ಕನ್ನಡದ ಒಂದೊಂದು ಸಂಕೇತವೂ ಮೂರು ಬೈಟ್‌ಗಳಲ್ಲಿರುತ್ತದೆ, ಮೊದಲೆರಡು ಬೈಟ್‌ಗಳಿಗೆ ಎರಡೇ ಬಗೆ; ಅವನ್ನು ವಿಂಡೋಸ್-1252 ಎಂಬ ರೋಮನ್ ಲಿಪಿಯ ಹಳೆಯ ಸಂಕೇತವೆಂದು ತಪ್ಪಾಗಿ ಓದಿದಾಗ ಈ ರೂಪ ಬರುತ್ತದೆ. ಫೈಲ್ ಅನ್ನು ಉಳಿಸಿರದಿದ್ದರೆ ಸಂಕೇತವನ್ನು ಯುಟಿಎಫ್-8 ಎಂದು ಬದಲಿಸಿ ತೆರೆದರಾಯಿತು, ಅಕ್ಷರಗಳು ಮರಳುತ್ತವೆ. ಉಳಿಸಿಬಿಟ್ಟಿದ್ದರೆ ಒಂದು ಕಂಟಕವಿದೆ. ವ್ಯಂಜನದ ಕೆಳಗೆ ಒತ್ತು ಬರಲು ಕಾರಣವಾಗುವ ವಿರಾಮ ಚಿಹ್ನೆಯ ಮೂರನೆಯ ಬೈಟ್‌ಗೆ ವಿಂಡೋಸ್-1252ರಲ್ಲಿ ಯಾವ ಅಕ್ಷರವೂ ನಿಗದಿಯಾಗಿಲ್ಲ. ಉಕಾರದ ಕೊಂಬು, ಏ ಮತ್ತು ಐ ಸ್ವರಗಳು, ಝ ವ್ಯಂಜನ ಇವುಗಳ ಕಥೆಯೂ ಹಾಗೆಯೇ. ಕೆಲವು ತಂತ್ರಾಂಶಗಳು ಆ ಬೈಟನ್ನು ಕಾಪಾಡುತ್ತವೆ, ಕೆಲವು ಉದುರಿಸುತ್ತವೆ. ಉದುರಿಸಿದ್ದರೆ "ಅಕ್ಕಿ", "ಗೊಬ್ಬರ" ಮುಂತಾದ ಒತ್ತಕ್ಷರವಿರುವ ಪದಗಳಲ್ಲೂ ಉಕಾರವಿರುವ ಪದಗಳಲ್ಲೂ ಹೆಚ್ಚಾಗಿ ಹಾನಿ ಕಾಣುತ್ತದೆ, ಈ ಅಕ್ಷರಗಳು ಯಾವುವೂ ಇಲ್ಲದ ಪದಗಳು ಸರಿಯಾಗಿ ಮರಳುತ್ತವೆ. ಹಾಗಾಗಿ ಮರಳಿಸಿದ ಫೈಲ್ ಅನ್ನು ಪರೀಕ್ಷಿಸುವಾಗ ಒತ್ತಕ್ಷರದ ಮತ್ತು ಉಕಾರದ ಪದಗಳನ್ನೇ ಆರಿಸಿ ನೋಡಬೇಕು.

ಮೂರನೆಯದು ನುಡಿ, ಬರಹ ತಂತ್ರಾಂಶಗಳ ಹಳೆಯ ಫಾಂಟ್‌ಗಳಲ್ಲಿ ಬರೆದ ವಿವರ. ಅಲ್ಲಿ ಕನ್ನಡ ಅಕ್ಷರಗಳು ಇಂಗ್ಲಿಷ್ ಮತ್ತಿತರ ರೋಮನ್ ಅಕ್ಷರಗಳ ಜಾಗದಲ್ಲಿ ಕುಳಿತಿರುತ್ತವೆ. ಫಾಂಟ್ ಬದಲಾದೊಡನೆ ಅರ್ಥವಿಲ್ಲದ ರೋಮನ್ ಸಾಲು ಕಾಣುತ್ತದೆ. ಇದಕ್ಕೆ ಸಂಕೇತ ಬದಲಿಸಿ ತೆರೆಯುವುದರಿಂದ ಪ್ರಯೋಜನವಿಲ್ಲ, ಯುನಿಕೋಡ್‌ಗೆ ಪರಿವರ್ತಿಸುವ ಸಾಧನವೇ ಬೇಕು. ವಿವರದ ಅಂಕಣವನ್ನು ಮಾತ್ರ ಬೇರ್ಪಡಿಸಿ ಪರಿವರ್ತಿಸಿ. ಇಡೀ ಫೈಲ್ ಅನ್ನು ಹಾಕಿದರೆ ಇಂಗ್ಲಿಷಿನ ಉಲ್ಲೇಖ ಸಂಖ್ಯೆಗಳೂ ಕನ್ನಡವಾಗಿಬಿಡುತ್ತವೆ.

ಕನ್ನಡ ಅಂಕೆಗಳಲ್ಲಿ ಮೊತ್ತ ಬರೆದವರು ಇನ್ನೂ ಒಂದನ್ನು ಗಮನಿಸಬೇಕು. ಸೊನ್ನೆಯೂ ಅನುಸ್ವಾರವೂ ಕಣ್ಣಿಗೆ ಒಂದೇ, ಗಣಕಕ್ಕೆ ಬೇರೆಬೇರೆ. ಸೊನ್ನೆಯ ಜಾಗದಲ್ಲಿ ಅನುಸ್ವಾರ ಕುಳಿತಿದ್ದರೆ ಆ ಮೊತ್ತ ಎಷ್ಟು ದಿಟ್ಟಿಸಿದರೂ ಸರಿಯಾಗಿಯೇ ಕಾಣುತ್ತದೆ, ಆದರೆ ತಂತ್ರಾಂಶ ಅದನ್ನು ಒಪ್ಪುವುದಿಲ್ಲ. ಪಿಡಿಎಫ್‌ನಿಂದ ನಕಲಿಸಿದ ಮೊತ್ತದಲ್ಲಿ ಕಾಣದ ಖಾಲಿ ಜಾಗಗಳಿರುವುದೂ, ಕಳೆಯುವ ಚಿಹ್ನೆ ಕೀಲಿಮಣೆಯದ್ದಲ್ಲದೆ ಮುದ್ರಣದ್ದಾಗಿರುವುದೂ ಇದೇ ಜಾತಿಯ ದೋಷಗಳು.

ಕ್ಯುಐಎಫ್ ಮತ್ತು ಒಎಫ್‌ಎಕ್ಸ್

ಕ್ಯುಐಎಫ್‌ನಲ್ಲಿ ಪ್ರತಿ ವಹಿವಾಟೂ ^ ಚಿಹ್ನೆಯಿಂದ ಮುಗಿಯಬೇಕು. ಅದು ಒಂದು ಕಡೆ ಬಿಟ್ಟುಹೋದರೆ ಎರಡು ವಹಿವಾಟುಗಳು ಒಂದಾಗಿ ಓದಲ್ಪಡುತ್ತವೆ. ಎರಡೂ ಖಾತೆಗಳನ್ನು ಹೊರತೆಗೆದಿದ್ದರೆ ಖಾತೆಯಿಂದ ಖಾತೆಗೆ ಹೋದ ಹಣ ಎರಡು ಫೈಲ್‌ಗಳಲ್ಲೂ ಇರುತ್ತದೆ. ಆಮದಿನಲ್ಲಿ ಅದು ಇಮ್ಮಡಿಯಾಗದಂತೆ ನೋಡಿಕೊಳ್ಳಬೇಕು.

ಒಎಫ್‌ಎಕ್ಸ್ ಎಂಬುದು ಬ್ಯಾಂಕಿನ ವಹಿವಾಟುಗಳನ್ನು ಲೆಕ್ಕದ ತಂತ್ರಾಂಶಕ್ಕೆ ಒಯ್ಯಲು ನಮ್ಮ ದಾವಣಗೆರೆ ಪ್ರತ್ಯೇಕ ಜಿಲ್ಲೆಯಾದ 1997ರಲ್ಲೇ ಬಂದ ಮಾದರಿ. ಅದರ ಮೊದಲ ತಲೆಮಾರಿನ ಫೈಲ್‌ಗಳಲ್ಲಿ ಅನೇಕ ಟ್ಯಾಗ್‌ಗಳಿಗೆ (ಮಾಹಿತಿಯನ್ನು ಗುರುತಿಸುವ ಪಟ್ಟಿಗಳಿಗೆ) ಮುಚ್ಚುವ ಜೋಡಿ ಇರುವುದಿಲ್ಲ, ಅದು ನಿಯಮಕ್ಕೆ ಒಪ್ಪಿದ್ದೇ. ಅದನ್ನು ದೋಷವೆಂದು ಭಾವಿಸಿ ತಿದ್ದಲು ಹೊರಟು ಒಳ್ಳೆಯ ಫೈಲ್ ಕೆಡಿಸಿಕೊಂಡವರನ್ನು ನಾನು ಬಲ್ಲೆ. ನಿಜವಾದ ದೋಷ ಹೆಚ್ಚಾಗಿ ಅಂಗಡಿಯ ಹೆಸರಿನಲ್ಲಿರುವ & ಚಿಹ್ನೆಯದು: ಅದು ಒಂಟಿಯಾಗಿ ಬಂದರೆ ಓದುಗ ತಂತ್ರಾಂಶ ಅಲ್ಲಿಯೇ ನಿಲ್ಲಬಹುದು, ಅದನ್ನು "ಮತ್ತು" ಎಂದು ಬದಲಿಸಿದರೆ ಸಾಕು. ಪ್ರತಿ ವಹಿವಾಟಿಗೂ ಅದರದೇ ಗುರುತಿನ ಸಂಖ್ಯೆ ಇರಬೇಕು. ಎರಡು ವಹಿವಾಟುಗಳಿಗೆ ಒಂದೇ ಗುರುತು ಬಿದ್ದಿದ್ದರೆ ಗ್ನೂಕ್ಯಾಶ್ ಎರಡನೆಯದನ್ನು ಈಗಾಗಲೇ ಬಂದದ್ದೆಂದು ತಿಳಿದು ಏನನ್ನೂ ಹೇಳದೆ ಬಿಟ್ಟುಬಿಡುತ್ತದೆ. ಏಪ್ರಿಲ್ 1ರ ವಹಿವಾಟು ಮಾರ್ಚ್ 31ಕ್ಕೆ ಬಂದಿದ್ದರೆ ಕಾಲವಲಯವನ್ನು ನೋಡಿ: ನಮ್ಮ ನಡುರಾತ್ರಿ ಗ್ರೀನಿಚ್ ಕಾಲದಲ್ಲಿ ಹಿಂದಿನ ದಿನದ ಸಂಜೆ ಆರೂವರೆ.

ಕರೆಂಟು ಹೋದಾಗ ಅರ್ಧಕ್ಕೆ ನಿಂತ ಫೈಲ್

ಉಳಿಸುವಾಗಲೇ ಕರೆಂಟು ಹೋಗಿದ್ದರೆ, ಫೈಲ್‌ನ ಗಾತ್ರ ಸೊನ್ನೆಯೇ ಅಥವಾ ಗಾತ್ರ ಸರಿಯಿದ್ದು ಒಳಗೆಲ್ಲ ಸೊನ್ನೆ ಬೈಟ್‌ಗಳೇ ಎಂದು ಮೊದಲು ನೋಡಬೇಕು. ಎರಡರಲ್ಲಿ ಯಾವುದಾದರೂ ಆಗಿದ್ದರೆ ಆ ಫೈಲ್‌ನೊಂದಿಗೆ ಹೆಣಗಬೇಡಿ. ಗ್ನೂಕ್ಯಾಶ್ ತನ್ನ ಮುಖ್ಯ ಫೈಲ್‌ನ ಪಕ್ಕದಲ್ಲೇ ದಿನಾಂಕ ಮತ್ತು ಸಮಯವನ್ನು ಹೆಸರಿನಲ್ಲಿ ಹೊತ್ತ ಹಿಂದಿನ ಪ್ರತಿಗಳನ್ನು ಇಟ್ಟಿರುತ್ತದೆ. ಪೂರ್ವನಿಗದಿತ ಅವಧಿ 30 ದಿನ. ಅವುಗಳಲ್ಲಿ ಇತ್ತೀಚಿನದನ್ನು ತೆರೆದು, ಆ ಬಳಿಕದ ಲಾಗ್ ಫೈಲ್ ಅನ್ನು (ಮಾಡಿದ ನಮೂದುಗಳನ್ನು ಬರೆದಿಡುವ ದಾಖಲೆಯನ್ನು) ಆಮದಿನ ಮೆನುವಿನಿಂದ ಮತ್ತೆ ನಡೆಸಿದರೆ ನಡುವಿನ ವಹಿವಾಟುಗಳು ಮರಳುತ್ತವೆ. ಲಾಗ್‌ನಲ್ಲಿ ವಹಿವಾಟುಗಳಷ್ಟೇ ಇರುತ್ತವೆ. ಹೊಸದಾಗಿ ತೆರೆದ ಖಾತೆಗಳನ್ನು ಮೊದಲು ಕೈಯಾರೆ ಸೃಷ್ಟಿಸಿಕೊಳ್ಳಬೇಕು. ಲೆಕ್ಕದ ಪುಸ್ತಕಕ್ಕೆ (ಅಂದರೆ ಮುಖ್ಯ ಫೈಲ್‌ಗೆ) ಬೀಗ ಹಾಕಿದೆ ಎಂಬ ಸಂದೇಶ ಬಂದರೆ ಅದು ಫೈಲ್ ಕೆಟ್ಟ ಲಕ್ಷಣವಲ್ಲ, ಹಿಂದಿನ ಬಾರಿಯ ಬೀಗದ ಫೈಲ್ ಉಳಿದಿದೆ ಎಂದಷ್ಟೇ ಅರ್ಥ.

ಪ್ರಯೋಗದ ಪುಸ್ತಕದಲ್ಲಿ ಮೊದಲು

ತಿದ್ದಿದ ಫೈಲ್ ಅನ್ನು ನೇರವಾಗಿ ನಿಜವಾದ ಪುಸ್ತಕಕ್ಕೆ ಹಾಕಬಾರದು. ಖಾಲಿ ಪುಸ್ತಕವೊಂದನ್ನು ತೆರೆದು, ಆರಂಭದ ಶಿಲ್ಕನ್ನು ನಮೂದಿಸಿ, ಒಂದೊಂದು ಹಣಕಾಸು ವರ್ಷವನ್ನೇ ಬೇರೆಬೇರೆಯಾಗಿ ಆಮದು ಮಾಡಿ, ಪ್ರತಿ ಮಾರ್ಚ್ 31ರ ಶಿಲ್ಕನ್ನು ಪಾಸ್‌ಬುಕ್ಕಿನೊಂದಿಗೆ ತಾಳೆ ನೋಡಬೇಕು. ಖಾತೆಯು ಸ್ಟೇಟ್ ಬ್ಯಾಂಕ್ ಆಫ್ ಮೈಸೂರಿನಲ್ಲಿದ್ದವರು 2017ರ ಏಪ್ರಿಲ್ 1ರ ವಿಲೀನದ ಹಿಂದಿನ ಮತ್ತು ಮುಂದಿನ ಸ್ಟೇಟ್‌ಮೆಂಟ್‌ಗಳನ್ನು ಎರಡು ಫೈಲ್‌ಗಳೆಂದೇ ಪರಿಗಣಿಸಿ, ಅಂಕಣಗಳ ಕ್ರಮವನ್ನು ಎರಡಕ್ಕೂ ಬೇರೆಯಾಗಿ ಹೊಂದಿಸುವುದು ಕ್ಷೇಮ. ಎರಡನೆಯದಕ್ಕೆ ಆರಂಭದ ಶಿಲ್ಕನ್ನು ಮತ್ತೆ ಸೇರಿಸಿದರೆ ಅಷ್ಟು ಹಣ ಎರಡು ಬಾರಿ ಬಂದಂತಾಗುತ್ತದೆ.

ಚಿಕ್ಕಪ್ಪನ ಪುಸ್ತಕದಲ್ಲಿ ಅಲ್ಪವಿರಾಮದ ಸಾಲು ಸರಿಯಾದ ಮೇಲೂ ಇನ್ನೊಂದು ಖಾತೆಯ ಒಂದು ವರ್ಷದಲ್ಲಿ 900 ರೂಪಾಯಿ ವ್ಯತ್ಯಾಸ ಉಳಿದಿತ್ತು. ಒಂಬತ್ತರಿಂದ ಭಾಗವಾಗುವ ಮೊತ್ತ. ಗೊಬ್ಬರದ ಅಂಗಡಿಗೆ ಕೊಟ್ಟ 5,400 ಅನ್ನು 4,500 ಎಂದು ಅವರೇ ಕೈಯಿಂದ ಬರೆದದ್ದು ಅದೇ ವರ್ಷದ ಆಗಸ್ಟ್ ತಿಂಗಳಲ್ಲಿ ಸಿಕ್ಕಿತು. ಅದನ್ನು ತಿದ್ದಿ ಹದಿನೈದು ಮಾರ್ಚ್‌ಗಳ ಶಿಲ್ಕೂ ಪೈಸೆಗೆ ಪೈಸೆ ತಾಳೆಯಾದ ಬಳಿಕವೇ ನಿಜವಾದ ಪುಸ್ತಕಕ್ಕೆ ಆಮದು ಮಾಡಿದೆವು, ಮೂಲ ಫೈಲ್‌ಗಳ ಪ್ರತಿಯನ್ನು ಪೆನ್‌ಡ್ರೈವಿಗೆ ಹಾಕಿ ಪಾಸ್‌ಬುಕ್ಕುಗಳ ಜೊತೆ ಬೀರುವಿನಲ್ಲಿಟ್ಟೆವು.